ಭೀಮಗಡ: ತಲುಪೋದು ಕಷ್ಟ ಅನ್ನೋದೇ ಇದರ ಆಸ್ತಿ

ಎಪಿಸೋಡ್ ಕೇಳೋಕೆ ಪುರುಸೊತ್ತಿಲ್ಲದವರಿಗಾಗಿ ಬರಹ ರೂಪ. ಮಾತಿನ ಧಾಟಿ ಆದಷ್ಟು ಹಾಗೇ ಉಳಿಸಿದ್ದೇವೆ.

ಬೆಳಗಾವಿ ಹುಡುಗರಿಗೆ ಗೋವಾ ದಾರಿ ಯಾರೂ ಹೇಳಿಕೊಡಬೇಕಾಗಿಲ್ಲ. ಜಾಂಬೋಟಿ, ಕಣಕುಂಬಿ, ಆಮೇಲೆ ಚೋರ್ಲಾ ಘಾಟ್ ಇಳಿದ್ರೆ ಗೋವಾ. ಜಾಂಬೋಟಿ ದಾಟಿದ ಮೇಲೆ ಸಿಗ್ನಲ್ ಬರ್ತಾ ಹೋಗ್ತಾ ಇರುತ್ತೆ, ಸ್ಪಾಟಿಫೈ ನಿಂತುಹೋಗುತ್ತೆ, ಕಾರಿನೊಳಗಿದ್ದವರು ಮೊದಲ ಸಲ ಕಿಟಕಿಯಾಚೆ ನೋಡ್ತಾರೆ. ಆಗ ಎಡಗಡೆ ಕಾಣೋ ಕಾಡಿನ ಒಳಗೆ, ರಸ್ತೆಯಿಂದ ದಕ್ಷಿಣಕ್ಕೆ, ಒಂದು ಬಂಡೆಗುಡ್ಡ ಇದೆ. ಹೆಸರು ಭೀಮಗಡ. ಬೆಳಗಾವಿ ನಗರದಿಂದ ನೈರುತ್ಯಕ್ಕೆ ಸುಮಾರು 35 ಕಿಲೋಮೀಟರ್. ತಾಲ್ಲೂಕು ಖಾನಾಪುರ.

ಗುಡ್ಡ ದೊಡ್ಡದೇನಲ್ಲ. ತುದಿಯ ಮೇಲಿರೋ ಕೋಟೆಯ ಜಾಗ ಸುಮಾರು 1,380 ಅಡಿ ಉದ್ದ, 825 ಅಡಿ ಅಗಲ. ಮೀಟರ್ ಲೆಕ್ಕದಲ್ಲಿ 420ಕ್ಕೆ 250. ಉದ್ದಕ್ಕೆ ಮೂರು ಕ್ರಿಕೆಟ್ ಗ್ರೌಂಡ್ ಕೂಡ ಸರಿಯಾಗಿ ಕೂರಲ್ಲ. ಆದ್ರೆ ಸುತ್ತಲೂ ಬಂಡೆ ಹೆಚ್ಚುಕಡಿಮೆ ನೆಟ್ಟಗೆ ಇಳಿಯುತ್ತೆ. ಇವತ್ತಿನ ಮಾತೆಲ್ಲ ಆ ನೆಟ್ಟಗಿನ ಬಂಡೆಯ ಬಗ್ಗೆ. ಹತ್ತೋದು ಕಷ್ಟ ಅನ್ನೋ ಒಂದೇ ಗುಣ ನೋಡಿ ಒಬ್ಬ ರಾಜ ಇಲ್ಲಿ ಕೋಟೆ ಕಟ್ಟಿಸಿದ. ಅದೇ ಗುಣದಿಂದ ಹತ್ತಿರದ ಗುಹೆಯಲ್ಲಿ ಒಂದು ಬಾವಲಿ ಉಳಿಯಿತು. ಅದೇ ಗುಣಕ್ಕೆ ಸುತ್ತಲಿನ ಹಳ್ಳಿಯವರು ಇವತ್ತಿಗೂ ದುಡ್ಡು ತೆರ್ತಾ ಇದ್ದಾರೆ, ಕೆಲವೊಮ್ಮೆ ದುಡ್ಡಿಗಿಂತ ದೊಡ್ಡದನ್ನ.

ಮೊದಲು ಕಲ್ಲು. ನಾನು ಓದಿದ್ದು ಬಿಕಾಂ, ಭೂವಿಜ್ಞಾನ ಅಲ್ಲ. ಅದಕ್ಕೇ ನನಗೆ ಅರ್ಥವಾದ ರೀತಿಯಲ್ಲೇ ಹೇಳ್ತೀನಿ. ಬೆಳಗಾವಿ ಜಿಲ್ಲೆ ಹಲವು ಕಾಲದ ಕಲ್ಲುಗಳು ಒಟ್ಟಿಗೆ ಸೇರೋ ಜಾಗ. ಉತ್ತರದಿಂದ ಬಂದಿದ್ದು ಡೆಕ್ಕನ್ ಟ್ರ್ಯಾಪ್, ಅಂದ್ರೆ ಸುಮಾರು 6.6 ಕೋಟಿ ವರ್ಷದ ಹಿಂದೆ, ಡೈನೋಸಾರ್‌ಗಳ ಕೊನೆಗಾಲದಲ್ಲಿ, ನೆಲ ಬಿರಿದು ಪದರ ಪದರವಾಗಿ ಹರಿದ ಲಾವಾ. ಮಹಾರಾಷ್ಟ್ರದ ಬಹುಭಾಗವನ್ನ ಹೊದ್ದುಕೊಂಡಿರೋ ಆ ಕಪ್ಪು ಕಲ್ಲಿನ ಕಂಬಳಿಯ ದಕ್ಷಿಣದ ಅಂಚು ನಮ್ಮ ಜಿಲ್ಲೆಯಲ್ಲೇ ಮುಗಿಯುತ್ತೆ. ಅದರ ಕೆಳಗೆ, ಅದರಾಚೆ ಇರೋದು ಧಾರವಾಡ ಶಿಲೆಗಳು. 250 ಕೋಟಿ ವರ್ಷಕ್ಕೂ ಹಿಂದಿನವು. ಧಾರವಾಡದ ಹೆಸರು ಪ್ರಪಂಚದ ಭೂವಿಜ್ಞಾನದ ಪುಸ್ತಕಗಳಲ್ಲಿರೋದು ಪೇಢೆಗಾಗಿ ಅಲ್ಲ, ಈ ಕಲ್ಲಿಗಾಗಿ. ಇವೆರಡರ ನಡುವಿನ ವಯಸ್ಸಿನ ಕಲಾದಗಿ ಮರಳುಗಲ್ಲು ಬೇರೆ ಇದೆ. ಗೋಕಾಕ ಫಾಲ್ಸ್‌ನಲ್ಲಿ ನೀವು ಸೆಲ್ಫಿ ತಗೊಂಡಾಗ ಹಿಂದೆ ಕಾಣೋದು ಅದೇ. ಇವೆಲ್ಲದರ ಮೇಲೆ ಟೋಪಿ ಥರ ಅಲ್ಲಲ್ಲಿ ಕೂತಿರೋದು ಕೆಂಪು ಜಂಬಿಟ್ಟಿಗೆ ಕಲ್ಲು. ಬೆಳಗಾವಿಯ ಹಳೇ ಮನೆಗಳ ಗೋಡೆಗಳಲ್ಲಿ ಎಲ್ಲರೂ ನೋಡಿರ್ತೀರಿ. ಮಳೆ, ಬಿಸಿಲು, ಮಳೆ, ಬಿಸಿಲು ಅಂತ ಲಕ್ಷಾಂತರ ವರ್ಷ ಕಲ್ಲು ಕೊಳೆತು, ಕಬ್ಬಿಣ ಉಳಿದು ಆಗೋ ಕಲ್ಲು ಅದು.

ಕೊಳೆಯೋಕೆ ನೀರು ಬೇಕಲ್ಲ? ಇಲ್ಲಿ ನೀರಿಗೆ ಕೊರತೆ ಇಲ್ಲ. ಬೆಳಗಾವಿ ನಗರಕ್ಕೆ ವರ್ಷಕ್ಕೆ ಸರಾಸರಿ 1,300 ಮಿಲಿಮೀಟರ್ ಆಸುಪಾಸು ಮಳೆ. ಅದೇ ಭೀಮಗಡ ಕಾಡಿನೊಳಗಿನ ಆಮಗಾಂವ ಅನ್ನೋ ಹಳ್ಳಿಯಲ್ಲಿ 2010ರಲ್ಲಿ ದಾಖಲಾಗಿದ್ದು 10,068 ಮಿಲಿಮೀಟರ್. ಹತ್ತು ಮೀಟರ್! ಆ ವರ್ಷ ಬಿದ್ದ ಮಳೆ ಹರಿಯದೆ, ಇಂಗದೆ ನಿಂತಿದ್ರೆ ಮೂರಂತಸ್ತಿನ ಕಟ್ಟಡ ಮುಳುಗ್ತಿತ್ತು. ಅರಬ್ಬಿ ಸಮುದ್ರದಿಂದ ಬರೋ ಮೋಡ ಗೋವಾದ ಬಯಲು ದಾಟಿ ಮೊದಲು ಡಿಕ್ಕಿ ಹೊಡೆಯೋ ಗೋಡೆ ಇದು. ಮೋಡ ಮೇಲೇರುತ್ತೆ, ತಣ್ಣಗಾಗುತ್ತೆ, ಹೊರೆ ಇಳಿಸುತ್ತೆ. ಬೆಳಗಾವಿ ತಲುಪೋ ಹೊತ್ತಿಗೆ ಅರ್ಧ ಖಾಲಿ, ಸವದತ್ತಿ ಕಡೆ ಹೋಗೋ ಹೊತ್ತಿಗೆ ಬಹಳಷ್ಟು ಖಾಲಿ.

ಈ ಮಳೆ ಎರಡು ಕಡೆ ಹರಿಯುತ್ತೆ ಅನ್ನೋದು ಮುಖ್ಯ. ಕಣಕುಂಬಿಯಲ್ಲಿ ಹುಟ್ಟೋ ಮಲಪ್ರಭಾ ಪೂರ್ವಕ್ಕೆ ತಿರುಗಿ, ನಿಧಾನಕ್ಕೆ ಸುಮಾರು 300 ಕಿಲೋಮೀಟರ್ ಹರಿದು, ಕೂಡಲಸಂಗಮದಲ್ಲಿ ಕೃಷ್ಣೆ ಸೇರಿ, ಬಂಗಾಳ ಕೊಲ್ಲಿಗೆ ಹೋಗುತ್ತೆ. ಅಲ್ಲಿಂದ ಹೆಚ್ಚೇನೂ ದೂರವಿಲ್ಲದ ದೇಗಾಂವದ ಹತ್ತಿರ ಹುಟ್ಟೋ ಮಹದಾಯಿ ಪಶ್ಚಿಮಕ್ಕೆ ತಿರುಗಿ ಗೋವಾಕ್ಕೆ ಧುಮುಕುತ್ತೆ, ಅಲ್ಲಿ ಮಾಂಡವಿ ಅನ್ನಿಸಿಕೊಳ್ಳುತ್ತೆ. ಪಣಜಿಯಲ್ಲಿ ಕಸಿನೋ ಹಡಗು ತೇಲೋದು ಖಾನಾಪುರದ ನೀರಿನ ಮೇಲೆ. ಪೂರ್ವದ ನದಿಗೆ ಇಳಿಜಾರು ಕಡಿಮೆ, ಅದು ಆರಾಮಾಗಿ ಹರಿಯುತ್ತೆ. ಪಶ್ಚಿಮದ ನದಿಗೆ ಸಮುದ್ರ ಹತ್ತಿರ, ಇಳಿಜಾರು ಕಡಿದು. ಹಾಗಾಗಿ ಅದಕ್ಕೆ ಕಲ್ಲು ಕಡಿಯೋ ಶಕ್ತಿ ಜಾಸ್ತಿ. ಪ್ರತಿ ಮಳೆಗಾಲ ಅದು ತನ್ನ ಕಣಿವೆಯನ್ನ ಸ್ವಲ್ಪ ಸ್ವಲ್ಪವೇ ಹಿಂದಕ್ಕೆ, ಪ್ರಸ್ಥಭೂಮಿಯ ಒಳಕ್ಕೆ ಕಚ್ಚಿಕೊಂಡು ಬರುತ್ತೆ. ಮೆದು ಕಲ್ಲು ಹೋಗುತ್ತೆ, ಗಟ್ಟಿ ಕಲ್ಲು ನಿಲ್ಲುತ್ತೆ. ನಾವು ಗುಡ್ಡ ಅಂತ ಕರೆಯೋದು ಹೀಗೆ ಕೊಚ್ಚಿಹೋಗದೆ ಉಳಿದ ಭಾಗವನ್ನ. ಭೀಮಗಡವನ್ನ ಯಾರೂ ಮೇಲೆತ್ತಿ ಇಟ್ಟಿಲ್ಲ, ಸುತ್ತಲಿನದೆಲ್ಲ ಇಳಿದುಹೋಗಿದೆ.

ಈಗ ಮನುಷ್ಯರ ಕಥೆ. ಖಾನಾಪುರ ಅಂದ್ರೆ ಬರೀ ಕಾಡು ಅಂದುಕೊಂಡವರು ಒಮ್ಮೆ ಹಲಸಿಗೆ ಹೋಗಬೇಕು. ಬನವಾಸಿಯ ಕದಂಬರಿಗೆ ಅದು ಪಲಾಶಿಕಾ, ಇನ್ನೊಂದು ರಾಜಧಾನಿ. ಮುಂದೆ ಗೋವಾ ಕದಂಬರ ಕಾಲದ ಭೂವರಾಹ ನರಸಿಂಹ ದೇವಸ್ಥಾನ ಇವತ್ತಿಗೂ ಅಲ್ಲಿದೆ. ಅಂದ್ರೆ ಕರಾವಳಿಗೂ ಬಯಲುಸೀಮೆಗೂ ನಡುವಿನ ಈ ಘಟ್ಟದ ದಾರಿಗಳು ಸಾವಿರ ವರ್ಷಕ್ಕೂ ಮೇಲೆ ದುಡಿದಿವೆ. ದಾರಿ ಇದ್ದ ಮೇಲೆ ಸರಕು ಇರುತ್ತೆ, ಸರಕಿದ್ದ ಮೇಲೆ ಸುಂಕ, ಸುಂಕ ಇದ್ದ ಮೇಲೆ ಕಾವಲು.

1510ರಲ್ಲಿ ಪೋರ್ಚುಗೀಸರು ಗೋವಾ ಹಿಡಿದ ಮೇಲೆ ಕಾವಲಿನ ಅರ್ಥ ಬದಲಾಯ್ತು. ಘಟ್ಟದ ಕೆಳಗೆ ಈಗ ಹಡಗು, ಫಿರಂಗಿ ಇರೋ ಒಂದು ಹೊರನಾಡಿನ ಶಕ್ತಿ. 17ನೇ ಶತಮಾನದಲ್ಲಿ ಶಿವಾಜಿ ಭೀಮಗಡದ ಕೋಟೆ ಕಟ್ಟಿಸಿದ್ದು ಆ ದಿಕ್ಕನ್ನ ನೋಡಿಕೊಂಡೇ. 1675ರಲ್ಲಿ ಆತ ಗೋವಾದ ಬಾಗಿಲಲ್ಲೇ ಇದ್ದ ಫೋಂಡಾ ಕೋಟೆಯನ್ನೂ ಗೆದ್ದ. ಹಾಗಾಗಿ ಭೀಮಗಡವನ್ನ ಒಂಟಿ ಕೋಟೆ ಅಂತ ನೋಡಬಾರದು. ಕೆಳಗಿನ ಬಾಗಿಲು ಒಂದು, ಮೇಲಿನ ಬಾಗಿಲು ಒಂದು.

ಗಿರಿದುರ್ಗದ ಲೆಕ್ಕಾಚಾರ ನನಗೆ ತುಂಬ ಇಷ್ಟ, ಯಾಕಂದ್ರೆ ಅದು ಶುದ್ಧ ಕಾಸ್ಟ್ ಅಕೌಂಟಿಂಗ್. ಬೆಳಗಾವಿ ನಗರದೊಳಗಿನ ಕೋಟೆ ನೋಡಿ. ನೆಲದ ಮೇಲೆ ಕಟ್ಟಿದ್ದಕ್ಕೆ ಸುತ್ತ ದಪ್ಪ ಗೋಡೆ ಬೇಕಾಯ್ತು, ಆಳವಾದ ಕಂದಕ ತೋಡಬೇಕಾಯ್ತು, ಎರಡಕ್ಕೂ ಖಜಾನೆಯಿಂದ ದುಡ್ಡು. ಭೀಮಗಡದಲ್ಲಿ ಗೋಡೆಯ ಬಹುಪಾಲು ಕೆಲಸವನ್ನ ಮಳೆ ಮೊದಲೇ ಮಾಡಿಕೊಟ್ಟಿದೆ. ಬಂಡೆ ಎಲ್ಲಿ ಸ್ವಲ್ಪ ಸಡಿಲ ಇದೆಯೋ ಅಲ್ಲಿ ಮಾತ್ರ ಕಲ್ಲು ಜೋಡಿಸಿದ್ರೆ ಸಾಕು. ಹತ್ತೋ ದಾರಿ ಎಷ್ಟು ಕಿರಿದೋ, ಕಾಯೋಕೆ ಬೇಕಾದ ಜನ ಅಷ್ಟು ಕಡಿಮೆ. ಸಹ್ಯಾದ್ರಿಯ ಯಾವುದೇ ಗಿರಿದುರ್ಗದ ಹಣೆಬರಹ ನಿಂತಿರೋದು ಕೊನೆಗೆ ಒಂದೇ ಪ್ರಶ್ನೆ ಮೇಲೆ: ಮೇಲೆ ನೀರಿದೆಯಾ? ಮಳೆಗಾಲದ ನಾಲ್ಕು ತಿಂಗಳು ಶತ್ರು ಬರಲ್ಲ, ಕಾಡು, ಕೆಸರು, ಜಿಗಣೆ ನೋಡಿಕೊಳ್ಳುತ್ತವೆ. ಬೇಸಿಗೆಯಲ್ಲಿ ಕೆಳಗೆ ಮುತ್ತಿಗೆ ಹಾಕಿ ಕೂತ್ರೆ, ಮೇಲಿನ ಹೊಂಡ ಒಣಗೋವರೆಗೆ ಕಾದರೆ ಸಾಕು.

1818ರಲ್ಲಿ ಆ ಲೆಕ್ಕಾಚಾರವೇ ಮುಗಿದುಹೋಯ್ತು. ಆ ಏಪ್ರಿಲ್‌ನಲ್ಲಿ ಥಾಮಸ್ ಮನ್ರೋ ಸೈನ್ಯ ಮುತ್ತಿಗೆ ಹಾಕಿ ಬೆಳಗಾವಿ ಕೋಟೆ ಗೆದ್ದಿತು, ಪೇಶ್ವೆಗಳ ಕಾಲ ಕೊನೆಗೊಂಡಿತು. ಬೆಳಗಾವಿ ಕೋಟೆಯ ಮಗ್ಗುಲಲ್ಲಿ ಕ್ಯಾಂಟೋನ್ಮೆಂಟ್ ಬಂತು, ನಗರ ಬೆಳೆಯಿತು. ಭೀಮಗಡಕ್ಕೆ ಯಾರೂ ಬರಲಿಲ್ಲ. ಕೋಟೆ ಅನ್ನೋದು ಅಸೆಟ್ ಕಾಲಂನಿಂದ ರೈಟ್-ಆಫ್ ಆಯ್ತು. ಹನ್ನೆರಡು ವರ್ಷ ಬಿಟ್ಟು ಈ ಸೀಮೆಯ ಕಾಡು ಮತ್ತೊಮ್ಮೆ ಸುದ್ದಿಗೆ ಬಂದಿದ್ದು ಸಂಗೊಳ್ಳಿ ರಾಯಣ್ಣನಿಂದ. 1830ರಲ್ಲಿ ಸೆರೆ, 1831ರ ಜನವರಿ 26ರಂದು ಇದೇ ಖಾನಾಪುರ ತಾಲ್ಲೂಕಿನ ನಂದಗಡದಲ್ಲಿ ಗಲ್ಲು. ಅಲ್ಲಿನ ಸಮಾಧಿ, ಆಲದ ಮರ ಎಲ್ಲರಿಗೂ ಗೊತ್ತು, ಅದಕ್ಕೇ ಬೇರೆ ಎಪಿಸೋಡ್ ಬೇಕು. ಇನ್ನು ಭೀಮಗಡ ಯಾರನ್ನ ಕಾಯೋಕೆ ಅಂತ ಹುಟ್ಟಿತೋ, ಆ ಪೋರ್ಚುಗೀಸರು ಗೋವಾ ಬಿಟ್ಟಿದ್ದು 1961ರ ಡಿಸೆಂಬರ್‌ನಲ್ಲಿ. ಅಷ್ಟು ಹೊತ್ತಿಗೆ ಗೋಡೆಗಳ ಮೇಲೆ ಮರ ಬೆಳೆದಿತ್ತು.

ಕೋಟೆ ಖಾಲಿಯಾದ ಕಾಡಿಗೆ ಮುಂದಿನ ಅತಿಥಿಗಳು ಬಂದಿದ್ದು ಇಲಿ, ಅಳಿಲು, ಬಾವಲಿ ಲೆಕ್ಕ ಹಾಕೋಕೆ.

1911ರಲ್ಲಿ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿ ಒಂದು ದೊಡ್ಡ ಸರ್ವೆ ಶುರುಮಾಡಿತು. ಇಡೀ ಭಾರತ, ಬರ್ಮಾ, ಸಿಲೋನ್‌ನ ಸಸ್ತನಿಗಳ ಪಟ್ಟಿ ಮಾಡೋದು. ಹುಲಿ, ಆನೆಯನ್ನ ಎಲ್ಲರೂ ನೋಡ್ತಿದ್ದರು, ಶಿಕಾರಿ ಪುಸ್ತಕಗಳ ತುಂಬ ಅವೇ. ಸಣ್ಣ ಪ್ರಾಣಿಗಳ ಬಗ್ಗೆ ಗೊತ್ತಿದ್ದಿದ್ದು ಕಡಿಮೆ. ಈ ಯೋಜನೆಯ ತಲೆ ಆರ್.ಸಿ. ರಾಟನ್ ಅನ್ನೋ ನಿವೃತ್ತ ಅರಣ್ಯಾಧಿಕಾರಿಯದು. ಸರ್ವೆಗೆ ದುಡಿದ ತರುಣರಲ್ಲಿ ಎಸ್.ಎಚ್. ಪ್ರೇಟರ್ ಒಬ್ಬರು. ಅವರು ಮುಂದೆ ಭಾರತದ ಪ್ರಾಣಿಗಳ ಬಗ್ಗೆ ಪ್ರಸಿದ್ಧ ಪುಸ್ತಕ ಬರೆದರು, ಅಷ್ಟೇ ಅಲ್ಲ, ಆಂಗ್ಲೋ ಇಂಡಿಯನ್ ಪ್ರತಿನಿಧಿಯಾಗಿ ನಮ್ಮ ಸಂವಿಧಾನ ರಚನಾ ಸಭೆಯಲ್ಲೂ ಕೂತಿದ್ದರು. ಇಲಿ ಎಣಿಸಿದವರು ಸಂವಿಧಾನಕ್ಕೂ ಬಂದರು ಅಂತ ಓದಿದಾಗ ನನಗೆ ಯಾಕೋ ಖುಷಿಯಾಯ್ತು.

ಆ ಸರ್ವೆಯ ಕಾಲದಲ್ಲಿ ಭೀಮಗಡ ಕಾಡಿನ ತಳೇವಾಡಿ ಹಳ್ಳಿಯ ಹತ್ತಿರ ಬಾರಾಪೇಡೆ ಗುಹೆಯಲ್ಲಿ ಒಂದು ಬಾವಲಿ ಸಿಕ್ಕಿತು. ಲಂಡನ್‌ನ ಬ್ರಿಟಿಷ್ ಮ್ಯೂಸಿಯಂನಲ್ಲಿ ಓಲ್ಡ್‌ಫೀಲ್ಡ್ ಥಾಮಸ್ ಅದನ್ನ ಪರೀಕ್ಷಿಸಿ, ಹೊಸ ಪ್ರಭೇದ ಅಂತ 1913ರಲ್ಲಿ ವಿವರಿಸಿದರು. ಹೆಸರು ರಾಟನ್ ಅವರದೇ ಇಟ್ಟರು. ಈಗ ಅದನ್ನ ಓಟೊಮಾಪ್ಸ್ ರಾಟೋನಿ ಅಂತಾರೆ, ರಾಟನ್ನನ ಬಿಡುಬಾಲದ ಬಾವಲಿ.

ಬಿಡುಬಾಲ ಅಂದ್ರೆ ಏನು? ಹೆಚ್ಚಿನ ಬಾವಲಿಗಳ ಬಾಲ ಹಿಂಗಾಲುಗಳ ನಡುವಿನ ಚರ್ಮದೊಳಗೇ ಸಿಕ್ಕಿರುತ್ತೆ. ಈ ಕುಟುಂಬದವುಗಳಲ್ಲಿ ಬಾಲದ ತುದಿ ಚರ್ಮದಾಚೆ ಇಲಿಬಾಲದ ಹಾಗೆ ಇಣುಕುತ್ತೆ. ನಮ್ಮ ಬಾವಲಿಯ ಕಿವಿ ದೊಡ್ಡದು, ಮುಂದಕ್ಕೆ ಬಾಗಿ ಮೂತಿಯ ಮೇಲೆ ಒಂದಕ್ಕೊಂದು ಕೂಡಿಕೊಂಡಿರುತ್ತೆ. ಬೇಸ್‌ಬಾಲ್ ಕ್ಯಾಪ್ ಹಾಕಿಕೊಂಡ ಹಾಗೆ. ಮೈ ಕಡು ಕಂದು, ಕುತ್ತಿಗೆ ಹಿಂದೆ ತಿಳಿಬಣ್ಣದ ಕಾಲರ್. ತಿನ್ನೋದು ಹುಳುಗಳನ್ನ.

ಇಲ್ಲಿ ಮತ್ತೆ ಬಂಡೆಯ ಮಾತು ಬರುತ್ತೆ. ಬಿಡುಬಾಲದ ಬಾವಲಿಗಳ ರೆಕ್ಕೆ ಉದ್ದ, ಆದ್ರೆ ಕಿರಿದು. ವೇಗಕ್ಕೆ ಹೇಳಿಮಾಡಿಸಿದ್ದು. ಮರಗಳ ನಡುವೆ ಸಂದಿಯಲ್ಲಿ ತಿರುಗೋಕಲ್ಲ, ಕಾಡಿನ ನೆತ್ತಿಯ ಮೇಲೆ ತೆರೆದ ಆಕಾಶದಲ್ಲಿ ನೇರವಾಗಿ ನುಗ್ಗೋಕೆ. ಆದ್ರೆ ಇಂಥ ರೆಕ್ಕೆಗೆ ಒಂದು ಬೆಲೆ ಇದೆ, ನೆಲದಿಂದ ಟೇಕ್-ಆಫ್ ಆಗೋದು ಬಲು ಕಷ್ಟ. ಎತ್ತರದಿಂದ ಬೀಳಬೇಕು, ಬೀಳ್ತಾ ವೇಗ ಹಿಡಿಯಬೇಕು, ಆಮೇಲೆ ಹಾರಬೇಕು. ಅಂದ್ರೆ ಇವಕ್ಕೆ ಬೇಕಾದ್ದು ಬರೀ ಕತ್ತಲೆಯ ಗುಹೆ ಅಲ್ಲ, ಎತ್ತರದಲ್ಲಿ ಇಣುಕು ಇದ್ದು, ಕೆಳಗೆ ಖಾಲಿ ಇರೋ ಜಾಗ. ಸೈನಿಕನಿಗೆ ಹತ್ತೋಕೆ ಕಷ್ಟವಾದ ಕಡಿದು ಬಂಡೆ ಬಾವಲಿಗೆ ರನ್‌ವೇ.

ಪಾಡ್‌ಕಾಸ್ಟ್ ಮಾಡೋನಾಗಿ ನನಗೆ ಅತಿ ಹೆಚ್ಚು ಕುತೂಹಲ ಹುಟ್ಟಿಸಿದ್ದು ಇದರ ದನಿ. ಬಹುತೇಕ ಬಾವಲಿಗಳ ಕೂಗು ನಮಗೆ ಕೇಳಿಸಲ್ಲ, 20 ಕಿಲೋಹರ್ಟ್ಸ್‌ಗಿಂತ ಮೇಲಿರುತ್ತೆ. ತೆರೆದ ಆಕಾಶದಲ್ಲಿ ದೂರದ ಹುಳು ಹಿಡಿಯೋ ಬಾವಲಿಗೆ ಆ ಸಣ್ಣ ಸ್ವರ ಉಪಯೋಗಕ್ಕೆ ಬರಲ್ಲ, ಗಾಳಿಯಲ್ಲಿ ಬೇಗ ಕರಗಿಹೋಗುತ್ತೆ. ದಪ್ಪ ಸ್ವರ ದೂರ ಹೋಗುತ್ತೆ. ಹಾಗಾಗಿ ಈ ಬಾವಲಿ 20 ಕಿಲೋಹರ್ಟ್ಸ್‌ಗಿಂತ ಕೆಳಗೇ ಕೂಗುತ್ತೆ, ಅಂದ್ರೆ ಎಳೆಯರ ಕಿವಿಗೆ ಚಿಟ್ ಚಿಟ್ ಅಂತ ಕೇಳಿಸೋ ಸಾಧ್ಯತೆ ಇರೋ ಮಟ್ಟದಲ್ಲಿ. ವಯಸ್ಸಾದಂತೆ ನಮ್ಮ ಕಿವಿ ಮೊದಲು ಕಳಕೊಳ್ಳೋದು ಈ ಮೇಲಿನ ಸ್ವರಗಳನ್ನೇ. ಈ ಎಪಿಸೋಡ್‌ಗೆ ಅದರ ದನಿ ಹಾಕಿದ್ರೂ ಪೂರ್ತಿ ಉಳಿಯೋದು ಅನುಮಾನ. ಕಡಿಮೆ ಡೇಟಾಕ್ಕೆ ಫೈಲ್ ಕುಗ್ಗಿಸುವಾಗ ಮೊದಲು ಕತ್ತರಿಸಿಹೋಗೋದೂ ಅದೇ ಸ್ವರಗಳು.

1913ರಿಂದ ಸುಮಾರು 2000ದವರೆಗೆ, ಪ್ರಪಂಚದಲ್ಲಿ ಈ ಬಾವಲಿ ಇರೋದು ಗೊತ್ತಿದ್ದ ಜಾಗ ಒಂದೇ ಒಂದು: ಬಾರಾಪೇಡೆ. ಒಂದು ಪ್ರಭೇದ, ಒಂದು ಗುಹೆ. ಐಯುಸಿಎನ್ ಪಟ್ಟಿಯಲ್ಲಿ ಅದು ಅಳಿವಿನ ಅಂಚಿನ ಅತಿ ಗಂಭೀರ ದರ್ಜೆಯಲ್ಲಿತ್ತು. ಆಮೇಲೆ ಉತ್ತರ ಕಾಂಬೋಡಿಯಾದಲ್ಲಿ ಒಂದು ಸಿಕ್ಕಿತು. ಮುಂದೆ ಮೇಘಾಲಯದ ಜೈಂತಿಯಾ ಗುಡ್ಡಗಳ ಗುಹೆಗಳಲ್ಲೂ ಕಂಡುಬಂತು. ಖಾನಾಪುರ, ಮೇಘಾಲಯ, ಕಾಂಬೋಡಿಯಾ! ಮ್ಯಾಪ್‌ನಲ್ಲಿ ಮೂರು ಚುಕ್ಕೆ ಇಟ್ಟು ನೋಡಿ. ನಡುವೆ ಸಾವಿರಾರು ಕಿಲೋಮೀಟರ್. ಈಗ ಐಯುಸಿಎನ್ ಅದನ್ನ ಇಟ್ಟಿರೋದು ಮಾಹಿತಿ ಸಾಲದು ಅನ್ನೋ ದರ್ಜೆಯಲ್ಲಿ.

ಕೆಲವರು ಇದನ್ನ ಪ್ರಮೋಷನ್ ಅಂತ ಓದ್ತಾರೆ, ಅಪಾಯ ಕಳೀತು ಅಂತ. ಹಾಗಲ್ಲ. ಕಾಮರ್ಸ್ ಓದಿದವರಿಗೆ ಇದು ತಕ್ಷಣ ಅರ್ಥ ಆಗುತ್ತೆ. ಆಡಿಟರ್ ಕೆಲವೊಮ್ಮೆ ಲೆಕ್ಕ ಸರಿ ಇದೆ ಅಂತಲೂ ಹೇಳಲ್ಲ, ತಪ್ಪಿದೆ ಅಂತಲೂ ಹೇಳಲ್ಲ. ದಾಖಲೆ ಸಾಕಾಗಲಿಲ್ಲ, ಅಭಿಪ್ರಾಯ ಕೊಡಲಾರೆ ಅಂತ ಸಹಿ ಹಾಕ್ತಾರೆ. ಅಂಥ ವರದಿ ಬಂದ ಕಂಪನಿಯ ಶೇರು ನೀವು ಕೊಳ್ತೀರಾ?

ಕಾನೂನಿನಲ್ಲಿ ಮಾತ್ರ ಇದಕ್ಕೆ ಹುಲಿಯ ಸ್ಥಾನ ಸಿಕ್ಕಿತು. ಭಾರತದಲ್ಲಿ ನೂರಕ್ಕೂ ಹೆಚ್ಚು ಬಗೆಯ ಬಾವಲಿಗಳಿವೆ. ಆದ್ರೆ ಬಹಳ ಕಾಲ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲ ಪರಿಚ್ಛೇದದಲ್ಲಿ ಜಾಗ ಸಿಕ್ಕಿದ್ದು ಎರಡೇ ಬಾವಲಿಗಳಿಗೆ, ಸಲೀಂ ಅಲಿ ಹೆಸರಿನ ಹಣ್ಣುಬಾವಲಿಗೆ ಮತ್ತು ನಮ್ಮ ಖಾನಾಪುರದವನಿಗೆ. ಅದೇ ಕಾಯ್ದೆಯ ಐದನೇ ಪರಿಚ್ಛೇದದಲ್ಲಿ ಉಳಿದ ಹಣ್ಣುಬಾವಲಿಗಳು ಕಾಗೆ, ಇಲಿಗಳ ಜೊತೆ ಪೀಡೆ ಪ್ರಾಣಿಗಳ ಪಟ್ಟಿಯಲ್ಲಿದ್ದವು. ಆ ಪಟ್ಟಿ ಹೋಗಿದ್ದು 2022ರ ತಿದ್ದುಪಡಿಯಲ್ಲಿ. 2018ರ ಕೇರಳದ ನಿಪಾ, ಆಮೇಲೆ ಕೋವಿಡ್ ಬಂದಾಗ ವಾಟ್ಸಾಪ್‌ನಲ್ಲಿ ಬಾವಲಿ ಅಂದ್ರೆ ಸಾವು ಅನ್ನೋ ಥರ ಮೆಸೇಜ್ ಹರಿದಾಡಿದ್ದು ನೆನಪಿದೆಯಲ್ಲ? ನಿಪಾ ವೈರಸ್ ಹೊತ್ತುಕೊಂಡಿರೋದು ದೊಡ್ಡ ಹಣ್ಣುಬಾವಲಿಗಳು. ಹುಳು ತಿನ್ನೋ ಈ ಗುಹೆಯ ಬಾವಲಿಗೂ ಅದಕ್ಕೂ ಸಂಬಂಧ ಕಟ್ಟಬೇಡಿ.

ಬಾವಲಿ ಒಂದೇ ಅಲ್ಲ. ಚೋರ್ಲಾ ಸುತ್ತಲಿನ ಮಹದಾಯಿ ಕಣಿವೆಯಿಂದ 2007ರಲ್ಲಿ ಕಾಲಿಲ್ಲದ, ಎರೆಹುಳದ ಹಾಗೆ ಕಾಣೋ ಒಂದು ಉಭಯಜೀವಿಯನ್ನ ವಿಜ್ಞಾನಿಗಳು ವಿವರಿಸಿದರು. ಕಪ್ಪೆಯ ದೂರದ ಸಂಬಂಧಿ, ಹೆಸರಲ್ಲೇ ಮಹದಾಯಿ ಇದೆ. ಹುಲಿಗಳೂ ಇವೆ. ದಕ್ಷಿಣಕ್ಕೆ ದಾಂಡೇಲಿ ಕಡೆಯ ಕಾಳಿ ಹುಲಿ ಮೀಸಲು, ಪಶ್ಚಿಮಕ್ಕೆ ಗೋವಾದ ಮಹದಾಯಿ ಅಭಯಾರಣ್ಯ, ನಡುವಿನ ಕೊಂಡಿ ಭೀಮಗಡ. 2020ರ ಜನವರಿಯಲ್ಲಿ ಗೋವಾ ಕಡೆಯ ಸತ್ತರಿಯಲ್ಲಿ ಒಂದು ಹೆಣ್ಣುಹುಲಿ ಮತ್ತು ಅದರ ಮೂರು ಮರಿಗಳು ವಿಷಕ್ಕೆ ಬಲಿಯಾದವು. ಕರ್ನಾಟಕ-ಗೋವಾ ಗಡಿ ನಮಗೆ ಚೆಕ್‌ಪೋಸ್ಟ್, ಹುಲಿಗೆ ಅಲ್ಲ.

2011ರ ಡಿಸೆಂಬರ್‌ನಲ್ಲಿ ಸರ್ಕಾರ ಭೀಮಗಡವನ್ನ ವನ್ಯಜೀವಿಧಾಮ ಅಂತ ಘೋಷಿಸಿತು. 190.42 ಚದರ ಕಿಲೋಮೀಟರ್. ಅದರ ಹೊಟ್ಟೆಯೊಳಗೆ ಹದಿಮೂರು ಹಳ್ಳಿಗಳು. ತಳೇವಾಡಿ, ಗವಾಳಿ, ಪಾಸ್ತೋಳಿ, ಕೊಂಗಳಾ, ಆಮಗಾಂವ, ಕೃಷ್ಣಾಪುರ, ದೇಗಾಂವ, ಹೆಮ್ಮಡಗಾ... ಭತ್ತ, ರಾಗಿ, ದನ, ಕಾಡಿನ ಉತ್ಪನ್ನ, ಮಳೆಗಾಲ ಮುಗಿದ ಮೇಲೆ ಗೋವಾಕ್ಕೆ ಕೂಲಿ. ಮನೆಮಾತು ಹೆಚ್ಚಾಗಿ ಮರಾಠಿ, ಕೊಂಕಣಿ. ಕನ್ನಡದಲ್ಲಿ ಪಾಡ್‌ಕಾಸ್ಟ್ ಮಾಡ್ತಾ ಇದನ್ನ ಹೇಳದೆ ಹೋಗೋದು ಸರಿಯಲ್ಲ. ಬೆಳಗಾವಿಯಲ್ಲಿ ಭಾಷೆ ಅಂದ ತಕ್ಷಣ ನಾವೆಲ್ಲ ಬೋರ್ಡಿನ ಜಗಳಕ್ಕೆ ಹೋಗ್ತೀವಿ, ಈ ಹಳ್ಳಿಗಳ ವಿಷಯ ಎರಡೂ ಭಾಷೆಯ ಭಾಷಣದಲ್ಲಿ ಬರೋದು ಕಡಿಮೆ.

ಅವರಿಗೆ ತಲುಪೋದು ಕಷ್ಟ ಅನ್ನೋದರ ಅರ್ಥ ಬೇರೆ. 2024ರ ಮಳೆಗಾಲದಲ್ಲಿ ಆಮಗಾಂವದಿಂದ ಕಾಯಿಲೆಯ ಮಹಿಳೆಯೊಬ್ಬರನ್ನ ಊರವರು ಬಿದಿರು ಕಟ್ಟಿದ ಡೋಲಿಯಲ್ಲಿ ಮಲಗಿಸಿ, ಮಳೆಯಲ್ಲಿ ಕಿಲೋಮೀಟರ್‌ಗಟ್ಟಲೆ ಹೆಗಲ ಮೇಲೆ ಹೊತ್ತುಕೊಂಡು ಬಂದು ಆಂಬುಲೆನ್ಸ್‌ಗೆ ಸೇರಿಸಿದರು. ಆ ವಿಡಿಯೋ ನಿಮ್ಮ ಫೋನಿಗೂ ಬಂದಿರಬಹುದು. ಆಕೆ ಉಳಿಯಲಿಲ್ಲ. ಹಳ್ಳಿಯವರು ರಸ್ತೆ, ಸೇತುವೆ ಕೇಳ್ತಾರೆ. ಅರಣ್ಯ ಇಲಾಖೆ ವನ್ಯಜೀವಿ ಕಾನೂನು ತೋರಿಸುತ್ತೆ. ಇಬ್ಬರ ಮಾತಲ್ಲೂ ಹುರುಳಿದೆ, ಅದೇ ತೊಂದರೆ. ಡಾಂಬರು ರಸ್ತೆ ಬಂದ್ರೆ ಆಂಬುಲೆನ್ಸ್ ಬರುತ್ತೆ. ಅದರ ಹಿಂದೆ ನಮ್ಮ ಕಾರುಗಳೂ ಬರ್ತವೆ, ರೆಸಾರ್ಟ್‌ಗೆ ಜಾಗ ನೋಡೋರೂ ಬರ್ತಾರೆ.

ಸರ್ಕಾರ ಕಂಡುಕೊಂಡ ದಾರಿ ಸ್ಥಳಾಂತರ. ಒಪ್ಪಿದ ಕುಟುಂಬಕ್ಕೆ 15 ಲಕ್ಷ ರೂಪಾಯಿ. ಮೊದಲು ಒಪ್ಪಿದ್ದು ಬೇರೆ ಯಾವ ಊರೂ ಅಲ್ಲ, ಬಾವಲಿ ಗುಹೆಯ ಪಕ್ಕದ ತಳೇವಾಡಿಯೇ. 2025ರ ಮೇ ತಿಂಗಳಲ್ಲಿ ಅಲ್ಲಿನ 27 ಕುಟುಂಬಗಳಿಗೆ ಮೊದಲ ಕಂತು ತಲಾ 10 ಲಕ್ಷದ ಚೆಕ್ ಅನ್ನ ಅರಣ್ಯ ಸಚಿವ ಈಶ್ವರ ಖಂಡ್ರೆ ಕೊಟ್ಟರು. ಬಾಕಿ 5 ಲಕ್ಷ ಊರು ಬಿಟ್ಟ ಮೇಲೆ.

ಈಗ ಕ್ಯಾಲ್ಕುಲೇಟರ್ ತೆಗೀರಿ. 15 ಲಕ್ಷ ಪೂರ್ತಿ ಬ್ಯಾಂಕಿನಲ್ಲಿ ಇಟ್ಟು, ವರ್ಷಕ್ಕೆ ಶೇಕಡ 7 ಬಡ್ಡಿ ಅಂದುಕೊಳ್ಳಿ. 1,05,000 ರೂಪಾಯಿ. ತಿಂಗಳಿಗೆ 8,750. ಇದು ಮನೆ ಕಟ್ಟದೆ, ಸೈಟು ಕೊಳ್ಳದೆ, ಒಂದು ಪೈಸೆ ಮುಟ್ಟದೆ ಇದ್ದರೆ ಬರೋದು. ಖಾನಾಪುರ ಪಟ್ಟಣದಲ್ಲಿ ಸಣ್ಣ ಸೈಟು ತಗೊಂಡು ಮೇಲೊಂದು ಮನೆ ಕಟ್ಟಿದ್ರೆ ಎಷ್ಟು ಉಳಿಯುತ್ತೆ, ಅದನ್ನ ನಿಮ್ಮ ಮನೆಯಲ್ಲಿ ಇತ್ತೀಚೆಗೆ ಮನೆ ಕಟ್ಟಿಸಿದವರನ್ನ ಕೇಳಿ. ಕಾಡಿನಲ್ಲಿ ಕಟ್ಟಿಗೆ, ನೀರು, ಮೇವು, ಜೇನು ಯಾವುದಕ್ಕೂ ಬಿಲ್ ಬರ್ತಿರಲಿಲ್ಲ. ಹೊರಗೆ ಬಂದ ಮೊದಲ ತಿಂಗಳಿಂದಲೇ ಎಲ್ಲದಕ್ಕೂ ಬಿಲ್. ಇನ್ನೊಂದು ಕಡೆ, ಶಾಲೆ ಹತ್ತಿರ, ಆಸ್ಪತ್ರೆ ಹತ್ತಿರ, ರಾತ್ರಿ ಕರೆಂಟು. ಹೆಣ್ಣುಮಕ್ಕಳಿಗೆ ಹೆರಿಗೆಯ ಭಯ ಕಡಿಮೆ. ಹಣದ ಲೆಕ್ಕದಲ್ಲಿ ಇದಕ್ಕೆ ಕಾಲಂ ಇಲ್ಲ, ಆದ್ರೆ ಹೋಗೋಣ ಅಂದವರು ಇದನ್ನೇ ಎಣಿಸಿರ್ತಾರೆ ಅನ್ನಿಸುತ್ತೆ.

ನನ್ನ ಅಭಿಪ್ರಾಯ ಕೇಳಿದ್ರೆ, ಹೋಗೋರನ್ನ ತಡೆಯೋ ಹಕ್ಕು ಬೆಳಗಾವಿಯಲ್ಲಿ ಕೂತ ನಮಗಿಲ್ಲ, ಹೋಗಿ ಅನ್ನೋ ಹಕ್ಕೂ ಇಲ್ಲ. ಆದ್ರೆ ಕ್ರಮ ಮುಖ್ಯ. 2006ರ ಅರಣ್ಯ ಹಕ್ಕು ಕಾಯ್ದೆ ಸ್ಪಷ್ಟ ಇದೆ: ಮೊದಲು ಹಕ್ಕು ಗುರುತಿಸಬೇಕು, ಆಮೇಲೆ ಗ್ರಾಮಸಭೆ ಎಲ್ಲ ತಿಳಿದು ಒಪ್ಪಿಗೆ ಕೊಡಬೇಕು, ಆಮೇಲೆ ಸ್ಥಳಾಂತರ. ಬುಡಕಟ್ಟಿನವರಲ್ಲದ ಕುಟುಂಬಗಳು ಮೂರು ತಲೆಮಾರು, ಅಂದ್ರೆ 75 ವರ್ಷ ಅಲ್ಲೇ ಇದ್ದದ್ದಕ್ಕೆ ಪುರಾವೆ ಕೊಡಬೇಕು. ವರ್ಷಕ್ಕೆ ಹತ್ತು ಮೀಟರ್ ಮಳೆ ಬೀಳೋ ಊರಲ್ಲಿ 75 ವರ್ಷದ ಕಾಗದ ಉಳಿಯೋದು ಹೇಗೆ ಅಂತ ಕಾಯ್ದೆ ಬರೆದವರು ಯೋಚಿಸಿದ್ದರೋ ಏನೋ. ಹಾಗಂತ ಕಾಯ್ದೆಯಲ್ಲೇ ಊರ ಹಿರಿಯರ ಹೇಳಿಕೆಯನ್ನೂ ಸಾಕ್ಷಿಯಾಗಿ ತಗೊಳ್ಳೋ ಅವಕಾಶ ಇದೆ. ಅದನ್ನ ಬಳಸಿಕೊಳ್ಳೋದು ಅರ್ಜಿ ಬರೆಸೋಕೆ ಯಾರು ಸಹಾಯ ಮಾಡ್ತಾರೆ ಅನ್ನೋದರ ಮೇಲೆ ನಿಂತಿದೆ.

ಇನ್ನು ನೀರು. ಕಳಸಾ-ಬಂಡೂರಿ ಹೋರಾಟದ ಹೆಸರು ಕೇಳದವರು ಉತ್ತರ ಕರ್ನಾಟಕದಲ್ಲಿ ಇಲ್ಲ. 2018ರ ಆಗಸ್ಟ್‌ನಲ್ಲಿ ನ್ಯಾಯಮಂಡಳಿ ಮಹದಾಯಿಯಲ್ಲಿ ಕರ್ನಾಟಕಕ್ಕೆ 13.42 ಟಿಎಂಸಿ ಅಂತ ತೀರ್ಪು ಕೊಟ್ಟಿತು. ಅದರಲ್ಲಿ ಮಲಪ್ರಭೆಗೆ ತಿರುಗಿಸೋಕೆ ಕಳಸಾದಿಂದ 1.72, ಬಂಡೂರಿಯಿಂದ 2.18. ಒಂದು ಟಿಎಂಸಿ ಅಂದ್ರೆ ಸುಮಾರು 2,830 ಕೋಟಿ ಲೀಟರ್. ನರಗುಂದ, ನವಲಗುಂದದ ರೈತರ ಹೋರಾಟ, ಹುಬ್ಬಳ್ಳಿ-ಧಾರವಾಡದ ಕುಡಿಯೋ ನೀರು, ಎಲ್ಲ ನಿಜ. ಆ ನೀರು ಹುಟ್ಟೋ ಕಾಡು ಇದೇ ಅನ್ನೋದೂ ನಿಜ. ಅಲ್ಲಿ ಮರ ಹಿಡಿದಿಟ್ಟ ಮಣ್ಣು, ಮಣ್ಣು ಹಿಡಿದಿಟ್ಟ ನೀರು ಬೇಸಿಗೆಯವರೆಗೆ ಒಸರುತ್ತಾ ಇರುತ್ತೆ. ಕಾಡು ತೆಗೆದ್ರೆ ಜುಲೈನಲ್ಲಿ ಪ್ರವಾಹ, ಮಾರ್ಚ್‌ನಲ್ಲಿ ಬರೀ ಕಲ್ಲು. ಆಗ ತಿರುಗಿಸೋಕೆ ಕಾಲುವೆ ಇರುತ್ತೆ, ನೀರು ಇರಲ್ಲ.

ಇಷ್ಟೆಲ್ಲ ಹೇಳಿದ ಮೇಲೂ ಕಾಮೆಂಟ್‌ನಲ್ಲಿ ಒಂದು ಪ್ರಶ್ನೆ ಬಂದೇ ಬರುತ್ತೆ: ಬ್ರೋ, ಗುಹೆಯ ಲೊಕೇಶನ್ ಪಿನ್ ಹಾಕಿ. ಹಾಕಲ್ಲ. ಗುಹೆ ಬಾವಲಿಗಳು ವರ್ಷಕ್ಕೆ ಸಾಮಾನ್ಯವಾಗಿ ಒಂದೇ ಮರಿ ಹಾಕ್ತವೆ. ಟಾರ್ಚು, ಫ್ಲ್ಯಾಶು, ಗದ್ದಲಕ್ಕೆ ಬೆಚ್ಚಿ ಎಲ್ಲ ಒಟ್ಟಿಗೆ ಎದ್ದರೆ ಅಂಟಿಕೊಂಡಿದ್ದ ಮರಿ ಕೆಳಗೆ ಬೀಳುತ್ತೆ, ಬಿದ್ದ ಮರಿ ಮತ್ತೆ ಮೇಲೇರಲ್ಲ. ನೂರು ಜನ ತಲಾ ಒಂದು ರೀಲ್ ಮಾಡಿದ್ರೆ ಸಾಕು, ಗುಹೆ ಖಾಲಿ. ಕೋಟೆಯ ವಿಷಯಕ್ಕೆ ಬಂದ್ರೆ, ಅದಿರೋದು ವನ್ಯಜೀವಿಧಾಮದ ಒಳಗೆ, ಅರಣ್ಯ ಇಲಾಖೆಯ ಅನುಮತಿ ಇಲ್ಲದೆ ಹೋಗೋ ಹಾಗಿಲ್ಲ. ಮಳೆಗಾಲದಲ್ಲಿ ಕೇಳಲೂ ಬೇಡಿ. ಹಳ್ಳ ತುಂಬಿದಾಗ ಅಲ್ಲಿನವರೇ ದಾಟಲ್ಲ. ಡಿಸೆಂಬರ್ ಹೊತ್ತಿಗೆ ಹೆಮ್ಮಡಗಾ ಕಡೆಯಿಂದ ಹೋಗಿ ಕಚೇರಿಯಲ್ಲಿ ಮೊದಲೇ ವಿಚಾರಿಸಿಕೊಳ್ಳಿ, ಕೊಡಲ್ಲ ಅಂದ್ರೆ ವಾಪಸ್ ಬರೋವಾಗ ಹಲಸಿ ನೋಡಿಕೊಂಡು ಬನ್ನಿ. ಆಂಪ್ಲಿಫೈಯರ್, ಡ್ರೋನ್ ಮನೆಯಲ್ಲೇ ಇರಲಿ. ತಳೇವಾಡಿಯ ಹೊಸ ಊರು ಹೇಗಿದೆ ಅನ್ನೋದನ್ನ, ಅಲ್ಲಿನವರು ಮಾತಾಡೋಕೆ ಒಪ್ಪಿದ್ರೆ, ಅವರ ದನಿಯಲ್ಲೇ ಮುಂದಿನ ತಿಂಗಳು ಕೇಳಿಸ್ತೀನಿ.